22 ಸಾವಿರದೊಳಗೆ ಧಾರೆ ಸೀರೆ: ಚಿಕ್ಕಪೇಟೆ, ಧರ್ಮವರಂ, ಕಂಚಿ

ಬಜೆಟ್ ಮೊದಲೇ ಹೇಳಿಬಿಡುತ್ತೇನೆ: 22 ಸಾವಿರ. ಧಾರೆ ಸೀರೆ, ಅದರ ಬ್ಲೌಸ್ ಹೊಲಿಗೆ, ಫಾಲ್, ಕುಚ್ಚು, ನನ್ನ ಪಾಲಿನ ಓಡಾಟದ ಖರ್ಚು, ಎಲ್ಲ ಅದರೊಳಗೇ ಮುಗಿಯಬೇಕು. ಮದುವೆ ಖರ್ಚನ್ನು ನಾನೂ ಹುಡುಗನೂ ಅರ್ಧರ್ಧ ಹಾಕಿಕೊಳ್ಳುವುದು, ಸಾಲ ಮಾತ್ರ ಬೇಡ ಅಂತ ಮಾತಾಗಿತ್ತು. ಛತ್ರ, ಅಡುಗೆಯವರು, ಪುರೋಹಿತರು, ಫೋಟೋದವರು ಅಂತ ಬರೆಯುತ್ತಾ ಹೋದ ಮೇಲೆ ಸೀರೆಗೆ ಉಳಿದದ್ದು ಇಷ್ಟು.

ಆಸೆ ಮಾತ್ರ ಬಜೆಟ್ ನೋಡಿ ಹುಟ್ಟಿದ್ದಲ್ಲ. ಅರಶಿನ ಬಣ್ಣದ ಒಡಲು, ಕುಂಕುಮ ಕೆಂಪಿನ ಅಗಲ ಅಂಚು, ಅಂಚು ಒಡಲಿಗೆ ಸೇರುವ ಕಡೆ ಗೋಪುರದ ಸಾಲು, ಕೆಂಪು ಸೆರಗು. ಕೈಮಗ್ಗದ್ದೇ ಆಗಬೇಕು. ಬಾಡಿಗೆಗೆ ತಂದು ಉಟ್ಟು ವಾಪಸ್ ಕೊಡೋದು ಈಗ ಜೋರಾಗಿದೆ, ಅದೂ ಬೇಡ. ಈ ಸೀರೆ ನನ್ನ ಬೀರುವಿನಲ್ಲೇ ಇರಬೇಕು.

ಜೊತೆಗೆ ಹೊರಟವರು ಇಬ್ಬರು. ಅಮ್ಮನಿಗೆ ಸೀರೆ ಅಂದರೆ ಜರಿ. ಶಿಡ್ಲಘಟ್ಟದ ಚಿಕ್ಕಮ್ಮನಿಗೆ ಸೀರೆ ಅಂದರೆ ರೇಷ್ಮೆ. ಶಿಡ್ಲಘಟ್ಟದಲ್ಲಿ ಗೂಡಿನಿಂದ ನೂಲು ತೆಗೆಯೋದು ಮನೆಮನೆಯ ಕಸುಬು, ಚಿಕ್ಕಮ್ಮನ ಅತ್ತೆ ಮನೆಯವರದೂ ಅದೇ.

ಬುಧವಾರ, ಚಿಕ್ಕಪೇಟೆ

ಹಸಿರು ಮಾರ್ಗದ ಮೆಟ್ರೋದಲ್ಲಿ ಚಿಕ್ಕಪೇಟೆಗೆ ಇಳಿದಾಗ ಹನ್ನೊಂದು ಗಂಟೆ. ಒಳ್ಳೆಯ ಅಂಗಡಿಗಳೆಲ್ಲ ಮಹಡಿ ಮೇಲೆ. ಇಬ್ಬರು ಎದುರುಬದುರು ಬಂದರೆ ಒಬ್ಬರು ಗೋಡೆಗೆ ಒರಗಿ ನಿಲ್ಲಬೇಕು, ಅಂಥ ಮೆಟ್ಟಿಲು. ಮೇಲೆ ಬಿಳಿ ಬಟ್ಟೆ ಹಾಸಿದ ಗಾದಿ. ಕೂತ ಕೂಡಲೇ ನೀರು, ಆಮೇಲೆ ಪ್ರಶ್ನೆ: "ಎಷ್ಟರೊಳಗೆ ನೋಡ್ತೀರಾ ಮೇಡಂ?"

"ಹದಿನೈದು" ಅಂದರು ಅಮ್ಮ. ಚೌಕಾಸಿಗೆ ಜಾಗ ಇಟ್ಟುಕೊಂಡೇ ಹೇಳಿದ್ದು. ಅವರು ತೆಗೆದದ್ದು 28 ಸಾವಿರದ್ದು. "ಸುಮ್ನೆ ನೋಡಿ, ನೋಡೋಕೇನು ದುಡ್ಡಾ?" ಒಂದು ಸಲ 28ರದ್ದು ಕಣ್ಣಿಗೆ ಬಿದ್ದ ಮೇಲೆ 15ರದ್ದು ಯಾವುದೂ ಹಿಡಿಸೋದಿಲ್ಲ ಅನ್ನೋದು ಅವರಿಗೆ ಚೆನ್ನಾಗಿ ಗೊತ್ತು. ಅಲ್ಲಿಂದ ಮುಂದೆ ಎಲ್ಲಿ ಹೋದರೂ ಕಡಿಮೆ ರೇಟಿನದೇ ಮೊದಲು ತೆಗೆಸಿದೆವು.

ಇನ್ನೊಂದು ಅಂಗಡಿಯಲ್ಲಿ ನನ್ನ ಆಸೆಯ ಬಣ್ಣವೇ ಸಿಕ್ಕಿತು. ಅರಶಿನ, ಕೆಂಪು, ಗೋಪುರ. "ಪ್ಯೂರ್ ಕಂಚಿ, 9,500, ಆಷಾಢದ ಆಫರ್ ಮೇಡಂ." ಅಮ್ಮ ನನ್ನ ಕೈ ಹಿಂಡಿದರು. ಚಿಕ್ಕಮ್ಮ ಮಾತ್ರ ಸೆರಗಿನ ತುದಿಯಲ್ಲಿ ಬಿಟ್ಟಿದ್ದ ಎಳೆಗಳನ್ನು ನೋಡುತ್ತಾ, "ಎರಡು ದಾರ ಕೊಡಿಯಪ್ಪ" ಅಂದರು. ಹುಡುಗ ಮಾಲೀಕರ ಮುಖ ನೋಡಿದ. ಅವರು ಫೋನಿನಲ್ಲಿದ್ದರು. ಚಿಕ್ಕಮ್ಮ ಉದ್ದಕ್ಕಿರುವ ಹಾಸಿನದೊಂದು, ಅಡ್ಡಕ್ಕಿರುವ ಹೊಕ್ಕಿನದೊಂದು ಎಳೆ ಬಿಡಿಸಿಕೊಂಡು ಮೆಟ್ಟಿಲಿಗೆ ಬಂದರು. ವ್ಯಾನಿಟಿ ಬ್ಯಾಗಿನಲ್ಲಿ ಬೆಂಕಿಪೊಟ್ಟಣ ಇಟ್ಟುಕೊಂಡೇ ಬಂದಿದ್ದರು!

ಹಾಸಿನ ಎಳೆ ನಿಧಾನಕ್ಕೆ ಉರಿಯಿತು, ಕಡ್ಡಿ ಸರಿಸಿದ ಕೂಡಲೇ ಆರಿತು. ಕೂದಲು ಸುಟ್ಟ ವಾಸನೆ. ತುದಿಯ ಕಪ್ಪನ್ನು ಬೆರಳಲ್ಲಿ ಒತ್ತಿದರೆ ಪುಡಿ ಆಯಿತು. ಅದು ರೇಷ್ಮೆ. ಹೊಕ್ಕಿನ ಎಳೆ ಬೆಂಕಿ ತಾಗುವ ಮೊದಲೇ ಮುದುಡಿ, ಕರಗಿ, ತುದಿಯಲ್ಲಿ ಗಟ್ಟಿ ಕಪ್ಪು ಮಣಿಯಾಗಿ ನಿಂತಿತು. ಉಗುರಲ್ಲಿ ಕುಕ್ಕಿದರೂ ಒಡೆಯಲಿಲ್ಲ. ಪಾಲಿಯೆಸ್ಟರ್. "ಉದ್ದಕ್ಕೆ ನಿಜ, ಅಡ್ಡಕ್ಕೆ ಸುಳ್ಳು" ಅಂದರು ಚಿಕ್ಕಮ್ಮ. ಒಂದೇ ಎಳೆ ಸುಟ್ಟು ನೋಡಿದ್ದರೆ ನಾವು ಬಿಲ್ ಮಾಡಿಸಿಬಿಡುತ್ತಿದ್ದೆವು. ಸೀರೆ ಸುಡೋಕೆ ಎಲ್ಲ ಅಂಗಡಿಯವರೂ ಬಿಡೋದಿಲ್ಲ, ಬಿಡಬೇಕಾಗೂ ಇಲ್ಲ. ಕೇಂದ್ರ ರೇಷ್ಮೆ ಮಂಡಳಿಯ ಸಿಲ್ಕ್ ಮಾರ್ಕ್ ಚೀಟಿ ಇದೆಯಾ ನೋಡಿದರೆ ಅರ್ಧ ತಲೆನೋವು ಕಡಿಮೆ. ಆದರೆ ಅದು ಹೇಳೋದು ರೇಷ್ಮೆ ಶುದ್ಧ ಅಂತ ಮಾತ್ರ. ಕೈಮಗ್ಗವೋ ಪವರ್‌ಲೂಮೋ, ಜರಿ ಎಂಥದ್ದು ಅಂತ ಅದು ಹೇಳೋದಿಲ್ಲ. ಕೈಮಗ್ಗಕ್ಕೆ ಬೇರೆಯದೇ ಹ್ಯಾಂಡ್‌ಲೂಮ್ ಮಾರ್ಕ್ ಇದೆ.

ಮಧ್ಯಾಹ್ನದ ಮೇಲೆ ನೋಡಿದ ಅಂಗಡಿಗಳ ಬಗ್ಗೆ ಹೇಳೋಕೆ ಹೆಚ್ಚೇನೂ ಇಲ್ಲ. ಬರಿಗೈಲಿ ಮನೆಗೆ ಬಂದೆವು. ಮೈಸೂರು ಸಿಲ್ಕ್ ತಗೊಂಡುಬಿಡು ಅಂತ ಅಪ್ಪ ಸಲಹೆ ಕೊಟ್ಟರು. ಮೈಸೂರು ಸಿಲ್ಕ್ ನನಗೂ ಪ್ರಾಣ, ಆದರೆ ಅದು ಕ್ರೇಪ್, ನುಣುಪು, ಹಗುರ. ನನಗೆ ಬೇಕಾದ್ದು ಮೈಮೇಲೆ ನಿಲ್ಲುವ ದಪ್ಪ ಸೀರೆ. ಮೇಲಾಗಿ ಅದಕ್ಕೆ ಬೆಳಗಿನ ಜಾವವೇ ಹೋಗಿ ಸಾಲಿನಲ್ಲಿ ನಿಲ್ಲಬೇಕು ಈಗ.

ಗುರುವಾರ, ಧರ್ಮವರಂ

ಬೆಳಗಿನ ರೈಲು. ದೊಡ್ಡಬಳ್ಳಾಪುರ ಬಂದಾಗ ಚಿಕ್ಕಮ್ಮ ಕಿಟಕಿಯತ್ತ ಕೈ ತೋರಿಸಿ, "ಪವರ್‌ಲೂಮ್ ಊರು" ಅಂದರು. ಗೌರಿಬಿದನೂರು, ಹಿಂದೂಪುರ, ಪೆನುಕೊಂಡ. ಪೆನುಕೊಂಡದ ಬೆಟ್ಟ ಕಂಡಾಗ ಅಮ್ಮ ಚಿತ್ರಾನ್ನದ ಡಬ್ಬಿ ತೆಗೆದರು. ತಾಳಿಕೋಟೆ ಯುದ್ಧದ ಮೇಲೆ ವಿಜಯನಗರದ ಅರಸರು ರಾಜಧಾನಿ ಮಾಡಿಕೊಂಡದ್ದು ಇಲ್ಲೇ. ಆ ಕೋಟೆಗೆ ಇನ್ನೊಮ್ಮೆ ಬರಬೇಕು ಅಂತ ಪ್ರತಿ ಸಲ ಅಂದುಕೊಳ್ಳುತ್ತೇನೆ.

ಮದುವೆ ಜವಳಿಗೆ ನಮ್ಮ ಕಡೆಯ ಎಷ್ಟೋ ಮನೆಗಳು ಧರ್ಮವರಕ್ಕೇ ಹೋಗೋದು. ತೆಲುಗು ಊರು, ಆದರೆ ಅಂಗಡಿಗಳಲ್ಲಿ ಕನ್ನಡ ಸಲೀಸು. ಬೀದಿಯುದ್ದಕ್ಕೂ ರೇಷ್ಮೆ ಅಂಗಡಿ, ಒಳಸಂದಿಗಳಲ್ಲಿ ಮಗ್ಗದ ಸದ್ದು. ಇಲ್ಲಿ ಬೆಲೆ ಕೇಳಿ ಸ್ವಲ್ಪ ಉಸಿರು ಬಂತು. ಚಿಕ್ಕಪೇಟೆಯಲ್ಲಿ 28 ಅಂದದ್ದಕ್ಕೆ ಹತ್ತಿರದ್ದೇ ಇಲ್ಲಿ 20-22ಕ್ಕೆ ಸಿಗುತ್ತಿತ್ತು.

ಒಂದು ಸೀರೆಗೆ ಅಮ್ಮ ಸೋತೇ ಹೋದರು. ಅರಶಿನ ಒಡಲು, ಕೆಂಪು ಅಂಚು, ಅಂಚಿನ ತುಂಬ ಜರಿ. ಚೌಕಾಸಿ ಮಾಡಿದ ಮೇಲೆ 19 ಸಾವಿರ. ಹೆಗಲ ಮೇಲೆ ಹಾಕಿಕೊಂಡು ಕನ್ನಡಿ ಮುಂದೆ ನಿಂತೆ. ಚೆನ್ನಾಗಿತ್ತು, ಸುಳ್ಳು ಹೇಳಬಾರದು. ಆದರೂ ಕೆಂಪು ಕೆಂಪಾಗಿರಲಿಲ್ಲ. ಬಾಗಿಲ ಬೆಳಕಿಗೆ ಹಿಡಿದರೆ ಕಿತ್ತಳೆಯ ಛಾಯೆ.

ಯಾಕೆ ಹೀಗೆ ಅಂತ ಕೇಳಿದ್ದಕ್ಕೆ ಅಂಗಡಿಯವರು ಬೇಜಾರಿಲ್ಲದೆ ವಿವರಿಸಿದರು. ಹಾಸಿನಲ್ಲಿ ಅಂಚಿನ ಭಾಗಕ್ಕೆ ಕೆಂಪು ನೂಲು ಹಾಕಿರುತ್ತಾರೆ. ಹೊಕ್ಕಿನ ನೂಲು ಹೊತ್ತು ಓಡುವ ಲಾಳಿ ಮಾತ್ರ ಒಂದೇ, ಅರಶಿನದ್ದು. ಅದು ಈ ತುದಿಯಿಂದ ಆ ತುದಿಯವರೆಗೆ ಓಡುತ್ತದೆ. ಹಾಗಾಗಿ ಅಂಚಿನ ಕೆಂಪಿನೊಳಗೆ ಒಡಲಿನ ಅರಶಿನ ಸೇರಿಕೊಳ್ಳುತ್ತದೆ. ಅಂಚು ಅಪ್ಪಟ ಕೆಂಪಾಗಬೇಕಾದರೆ ಅಂಚಿಗೇ ಬೇರೆ ಲಾಳಿ ಬೇಕು. ಒಡಲಿಗೆ ಒಂದು, ಎರಡು ಅಂಚಿಗೆ ಎರಡು, ಒಟ್ಟು ಮೂರು ಲಾಳಿ. ಎರಡು ಬಣ್ಣ ಸೇರುವ ಗೆರೆಯಲ್ಲಿ ಪ್ರತಿ ಎಳೆಯೂ ಒಂದಕ್ಕೊಂದು ಕೊಂಡಿ ಹಾಕಿಕೊಳ್ಳಬೇಕು. ಕಂಚಿಯವರು ಇದನ್ನು ಕೊರ್ವೈ ಅನ್ನುತ್ತಾರೆ. ಕೆಲಸ ಜಾಸ್ತಿ, ದಿನ ಜಾಸ್ತಿ, ಕೂಲಿಯೂ ಜಾಸ್ತಿ.

"ಯಾರಮ್ಮ ಅಷ್ಟು ಹತ್ತಿರದಿಂದ ನೋಡ್ತಾರೆ?" ಅಂದರು ಅಮ್ಮ. ನಾನು ನೋಡ್ತೀನಲ್ಲ. ಅಮ್ಮ ಮುಖ ಊದಿಸಿಕೊಂಡೇ ರೈಲು ಹತ್ತಿದರು. ಚಿಕ್ಕಮ್ಮ ತಮಗೊಂದು ಚಿಕ್ಕ ಅಂಚಿನ ನೇರಳೆ ಸೀರೆ ತಗೊಂಡರು. ಅದು ನನ್ನ ಲೆಕ್ಕಕ್ಕೆ ಬರೋದಿಲ್ಲ.

ಶುಕ್ರವಾರ, ಕಂಚಿ

ಮುಂಜಾನೆಯ ಚೆನ್ನೈ ಬಸ್ಸು. ಹೊಸೂರು, ಕೃಷ್ಣಗಿರಿ, ಆಂಬೂರು, ವೆಲ್ಲೂರು. ಹೈವೇಯಲ್ಲಿ ಇಳಿಸಿ ಬಸ್ಸು ಚೆನ್ನೈ ಕಡೆ ಹೋಯಿತು, ಅಲ್ಲಿಂದ ಊರೊಳಕ್ಕೆ ಆಟೋ. ಆಟೋದವರು ದಾರಿಯುದ್ದಕ್ಕೂ "ನೇಕಾರರ ಮನೆ, ಫ್ಯಾಕ್ಟರಿ ರೇಟು" ಅಂತ ಹೇಳುತ್ತಲೇ ಬಂದರು. ಅವರು ನಿಲ್ಲಿಸಿದ್ದು ಎ.ಸಿ. ಹಾಕಿದ ಎರಡು ಮಹಡಿಯ ಅಂಗಡಿ ಮುಂದೆ. ಗಿರಾಕಿ ತಂದುಬಿಟ್ಟರೆ ಅವರಿಗೆ ಕಮಿಷನ್ ಉಂಟು, ಆ ಕಮಿಷನ್ ಬಂದು ಕೂರೋದು ಸೀರೆ ಬೆಲೆಯ ಮೇಲೆ. ಬ್ಯಾಗ್ ಇಳಿಸಿಕೊಂಡು ನಡೆದೇ ಲಾಡ್ಜ್ ಹುಡುಕಿದೆವು.

ತಮಿಳರಿಗೆ ಆಗ ಆಡಿ ತಿಂಗಳು ಶುರುವಾಗಿತ್ತು. ನಮ್ಮ ಆಷಾಢದ ಹಾಗೇ ಅವರಿಗೂ ಆಡಿಯಲ್ಲಿ ಮದುವೆ ಇಲ್ಲ. ವ್ಯಾಪಾರ ಇಲ್ಲದ್ದರಿಂದ ಊರ ತುಂಬ ಆಡಿ ರಿಯಾಯಿತಿಯ ಬೋರ್ಡು. ನಾವು ಈ ತಿಂಗಳು ಹೊರಟದ್ದೇ ಅದಕ್ಕೆ. ಮರೆತದ್ದು ಏನೆಂದರೆ, ಆಡಿ ಶುಕ್ರವಾರ ಅಮ್ಮನವರಿಗೆ ವಿಶೇಷ. ಕಾಮಾಕ್ಷಿ ಗುಡಿಯ ಸುತ್ತ ಕಾಲಿಡಲು ಜಾಗ ಇರಲಿಲ್ಲ. ನಮ್ಮ ಚಾಮುಂಡಿ ಬೆಟ್ಟದ ಆಷಾಢ ಶುಕ್ರವಾರ ನೋಡಿದವರಿಗೆ ಬಿಡಿಸಿ ಹೇಳಬೇಕಿಲ್ಲ. ಅಮ್ಮ ದರ್ಶನ ಮಾಡಿಯೇ ತೀರುತ್ತೇನೆ ಅಂತ ಸಾಲಿಗೆ ಸೇರಿದರು. ನಾನೂ ಚಿಕ್ಕಮ್ಮನೂ ಗಾಂಧಿ ರಸ್ತೆಗೆ ಹೊರಟೆವು.

ಗಾಂಧಿ ರಸ್ತೆಯಲ್ಲಿ ಮದುವೆ ಸೀರೆ ಅಂದ ಕೂಡಲೇ ತೆಗೆಯೋದು 45 ಸಾವಿರದಿಂದ. ಲಕ್ಷ ದಾಟಿದವೂ ಸಲೀಸಾಗಿ ಹೊರಗೆ ಬರುತ್ತವೆ. ನನ್ನ ಬಜೆಟ್ ಹೇಳಿದಾಗ ಒಬ್ಬರು ಕೈಗೆ ಗಿಫ್ಟ್ ಸೀರೆಗಳ ಕಟ್ಟು ಕೊಟ್ಟರು, ಎಷ್ಟು ಅವಮಾನ! ಅಲ್ಲೇ ಹತ್ತಿರದ ಇನ್ನೊಂದು ಹಳೆಯ ಅಂಗಡಿಯಲ್ಲಿ ವಯಸ್ಸಾದ ಒಬ್ಬರು ಕೂತಿದ್ದರು. ತೆಲುಗು ಬರುತ್ತಿತ್ತು, ಚಿಕ್ಕಮ್ಮನಿಗೂ ತೆಲುಗು ನೀರು ಕುಡಿದಷ್ಟು ಸುಲಭ. "ಈ ರೇಟಿಗೆ ಯಾಕೆ ಬರೋದಿಲ್ಲ ಅಂತ ಹೇಳಿಬಿಡಿ, ಹೊರಟು ಹೋಗ್ತೀವಿ" ಅಂದರು ಚಿಕ್ಕಮ್ಮ.

ಅವರು ಎರಡು ಸೀರೆ ತಂದು ನನ್ನ ಎರಡೂ ಕೈಗೆ ಕೊಟ್ಟರು. ಒಂದು ಭಾರ, ಒಂದು ಅಷ್ಟಿಲ್ಲ. ಭಾರದ್ದು ಅಸಲಿ ಜರಿ. ಬೆಳ್ಳಿ ತಂತಿಯನ್ನು ಕೆಂಪು ರೇಷ್ಮೆ ಎಳೆಗೆ ಸುತ್ತಿ, ಮೇಲೆ ಬಂಗಾರದ ಲೇಪ ಕೊಟ್ಟದ್ದು. ಬಂಗಾರ ಇರೋದು ಹೆಸರಿಗೆ ಮಾತ್ರ, ನೂರಕ್ಕೆ ಒಂದು ಪಾಲೂ ಇಲ್ಲ. ದುಡ್ಡೆಲ್ಲ ಬೆಳ್ಳಿಗೆ. ಬೆಳ್ಳಿ ಕೆಜಿಗೆ ಲಕ್ಷ ದಾಟಿ ಕೂತಿರುವಾಗ ಒಡಲ ತುಂಬ ಜರಿ ಬೇಕು ಅಂದರೆ ಬೆಲೆ ಎಲ್ಲಿಗೆ ಹೋಗುತ್ತದೆ ಹೇಳಿ. ಹಗುರದ್ದು ಹಾಫ್‌ಫೈನ್ ಜರಿ, ತಾಮ್ರದ ತಂತಿಗೆ ಬೆಳ್ಳಿಯ ನೀರು ಕೊಟ್ಟದ್ದು. ಮೊದಲ ಸೀರೆಯ ಒಳಭಾಗದಲ್ಲಿ ಬಿಟ್ಟಿದ್ದ ಜರಿಯ ತುದಿಯೊಂದನ್ನು ಅವರು ಉಗುರಿನಿಂದ ಕೆರೆದರು. ಹೊಳಪು ಸರಿದು ಒಳಗೆ ರಕ್ತದ ಕೆಂಪಿನ ನೂಲು ಇಣುಕಿತು. ಎರಡನೆಯದರಲ್ಲಿ ಆ ಕೆಂಪು ಇರಲಿಲ್ಲ. ಹಳೆಯ ಅಸಲಿ ಜರಿ ಸೀರೆಗಳನ್ನು ಬೀದಿಯಲ್ಲಿ ಕೂಗಿಕೊಂಡು ಬಂದು ಕೊಳ್ಳುವವರು ಇದಕ್ಕೇ ಬರೋದು, ಅಲ್ವಾ? ಕರಗಿಸಿದರೆ ಬೆಳ್ಳಿ ಸಿಗುತ್ತದೆ.

ಅಷ್ಟು ಹೊತ್ತಿಗೆ ನನ್ನ ತಲೆಯಲ್ಲಿ ಲೆಕ್ಕ ಸರಿಹೋಯಿತು. ಸೀರೆಯ ಬೆಲೆಯಲ್ಲಿ ಮೂರು ಪಾಲು: ರೇಷ್ಮೆ, ಕೂಲಿ, ಬೆಳ್ಳಿ. ರೇಷ್ಮೆ ಬಿಡೋಕಾಗಲ್ಲ. ಕೊರ್ವೈ ಬೇಕೇ ಬೇಕು, ಹಾಗಾಗಿ ಕೂಲಿಯೂ ಬಿಡೋಕಾಗಲ್ಲ. ಬಿಡಬಹುದಾದ್ದು ಬೆಳ್ಳಿ ಒಂದೇ. ನನ್ನ ಆಸೆಯ ಸೀರೆಯಲ್ಲಿ ಜರಿ ಎಲ್ಲಿತ್ತು ಅಂತ ಯೋಚಿಸಿದೆ. ಎಲ್ಲೂ ಇರಲಿಲ್ಲ! ಅರಶಿನ, ಕೆಂಪು, ಗೋಪುರ, ಅಷ್ಟೇ. ಜರಿ ಬೇಕಿದ್ದದ್ದು ಅಮ್ಮನಿಗೆ.

"ಜರಿ ಕಡಿಮೆ ಇರೋ ಕೊರ್ವೈ ಬೇಕಾದರೆ ಸಹಕಾರ ಸಂಘಗಳಲ್ಲಿ ನೋಡಮ್ಮ" ಅಂದರು ಆ ಹಿರಿಯರು, ತಮ್ಮ ವ್ಯಾಪಾರ ಬಿಟ್ಟುಕೊಟ್ಟು. ಅವರ ಅಂಗಡಿಯಲ್ಲಿ ಒಂದು ಬ್ಲೌಸ್ ಪೀಸಾದರೂ ತಗೊಂಡು ಬರಬೇಕಿತ್ತು.

ಶನಿವಾರ, ಕಂಚಿ

ಅಂಗಡಿ ತೆರೆಯೋಕೆ ಇನ್ನೂ ಹೊತ್ತಿತ್ತು. ಕೈಲಾಸನಾಥ ದೇವಸ್ಥಾನಕ್ಕೆ ಹೋದೆವು. ಪಲ್ಲವ ರಾಜಸಿಂಹ ಕಟ್ಟಿಸಿದ ಮರಳುಗಲ್ಲಿನ ಗುಡಿ, ಸಿಂಹಗಳ ಮೇಲೆ ನಿಂತ ಕಂಬಗಳು. ಹಿಂದಿನ ದಿನದ ಗದ್ದಲದ ಮುಂದೆ ಇಲ್ಲಿ ನರಪಿಳ್ಳೆ ಇರಲಿಲ್ಲ. ಇಲ್ಲಿನ ಕಂಬವೊಂದರ ಮೇಲೆ ಕನ್ನಡ ಶಾಸನ ಇದೆ. ಬಾದಾಮಿ ಚಾಲುಕ್ಯರ ಇಮ್ಮಡಿ ವಿಕ್ರಮಾದಿತ್ಯ 8ನೇ ಶತಮಾನದಲ್ಲಿ ಕಂಚಿ ಗೆದ್ದ. ಗುಡಿಯ ಐಶ್ವರ್ಯ ಕಂಡು, ಅದನ್ನು ಮುಟ್ಟದೆ ದೇವರಿಗೇ ಬಿಟ್ಟುಕೊಟ್ಟ ಅಂತ ಬರೆಸಿದ್ದಾನೆ. ಅಕ್ಷರ ನಮಗೆ ಓದೋಕೆ ಬರೋದಿಲ್ಲ, ಹಳೆಯ ಲಿಪಿ. "ಅಷ್ಟು ದೂರದಿಂದ ಬಂದು ಬರಿಗೈಲಿ ಹೋದನಾ?" ಅಂದರು ಅಮ್ಮ. ಯಾರಿಗೆ ಹೇಳಿದ್ದು ಅಂತ ಗೊತ್ತಾಯಿತು, ಸುಮ್ಮನಿದ್ದೆ.

ವಾಪಸ್ ಬರುವಾಗ ಪಿಳ್ಳೈಯಾರ್‌ಪಾಳ್ಯದೊಳಗೆ ನಡೆದೆವು. ನೇಕಾರರ ಬಡಾವಣೆ. ಒಂದು ಮನೆಯ ಬಾಗಿಲು ತೆರೆದಿತ್ತು, ನೋಡಬಹುದಾ ಅಂತ ಸನ್ನೆಯಲ್ಲೇ ಕೇಳಿದೆವು. ಮುಂದಿನ ಕೋಣೆಯ ಅರ್ಧ ಜಾಗ ಗುಂಡಿ ಮಗ್ಗಕ್ಕೆ. ಗಂಡ ಕಾಲು ಗುಂಡಿಯೊಳಗೆ ಇಳಿಬಿಟ್ಟು ಕೂತಿದ್ದರು, ಹೆಂಡತಿ ಬಲಗಡೆ. ಒಡಲಿನ ಲಾಳಿ ಅವರು ಎಸೆಯುತ್ತಾರೆ. ಅದು ಬಂದು ತಲುಪುವಾಗ ಬಲ ಅಂಚಿನ ಲಾಳಿಯನ್ನು ಈಕೆ ಒಳಗೆ ತೂರಿಸಿ ಕೊಂಡಿ ಹಾಕುತ್ತಾರೆ. ಗೋಪುರದ ಕಡೆ ಒಂದೊಂದು ಸಾಲಿಗೂ ಆ ಕೊಂಡಿ ಒಂದಿಷ್ಟು ಒಳಗೆ ಸರಿಯಬೇಕು, ತುದಿ ಮುಟ್ಟಿದ ಮೇಲೆ ಮತ್ತೆ ಹಿಂದಕ್ಕೆ ಬರಬೇಕು. ಇಬ್ಬರೂ ಮಾತಾಡುತ್ತಿರಲಿಲ್ಲ, ಎಣಿಸುತ್ತಲೂ ಇರಲಿಲ್ಲ. ಕೈಯೇ ಎಣಿಸುತ್ತಿತ್ತು. ನಾವು ನಿಂತು ನೋಡಿದ ಅರ್ಧ ಗಂಟೆಯಲ್ಲಿ ಬಟ್ಟೆ ಬೆರಳಗಲ ಮುಂದೆ ಹೋಗಿರಬಹುದು.

ಸೆರಗಿನ ಬಣ್ಣ ಬೇರೆ ಆದರೆ ಇನ್ನೊಂದು ಕೆಲಸ ಇದೆಯಂತೆ, ಪೇಟ್ನಿ. ಅರಶಿನದ ಹಾಸು ಮುಗಿಯುವ ಕಡೆ ಕೆಂಪು ಹಾಸಿನ ಸಾವಿರಾರು ಎಳೆಗಳನ್ನು ಕೈಯಲ್ಲೇ ಸೇರಿಸೋದು. ಮಗ್ಗಕ್ಕೆ ಒಮ್ಮೆ ಹಾಸು ಹೂಡಿದರೆ ಮೂರು ಸೀರೆ ಬರುತ್ತದೆ. ಒಂದೊಂದಕ್ಕೆ ಹತ್ತು ಹದಿನೈದು ದಿನ, ಕೆಲಸ ಜಾಸ್ತಿ ಇದ್ದರೆ ಇನ್ನೂ ಹೆಚ್ಚು.

"ನಿಮ್ಮ ಹತ್ತಿರವೇ ತಗೊಳ್ಳಬಹುದಾ?" ಅಂತ ಅಮ್ಮ ಕೇಳಿಸಿದರು. ಆಕೆ ನಕ್ಕು ತಲೆ ಅಲ್ಲಾಡಿಸಿದರು. ನೂಲು, ಜರಿ ಸಂಘದ್ದು, ಸೀರೆಯೂ ಸಂಘದ್ದು. ಇವರಿಗೆ ಕೂಲಿ. ನೇಕಾರರ ಮನೆಗೇ ಹೋದರೆ ಅರ್ಧ ರೇಟಿಗೆ ಸಿಗುತ್ತದೆ ಅನ್ನೋ ಮಾತು ನಮ್ಮ ಕಡೆ ಎಲ್ಲರ ಬಾಯಲ್ಲೂ ಇದೆ. ಆ ಮನೆಯಲ್ಲಿ ಮಾರೋಕೆ ಒಂದು ಸೀರೆಯೂ ಇರಲಿಲ್ಲ. ರಾಟೆಯ ಮೇಲಿದ್ದ ನೂಲು ಮುಟ್ಟಿ ನೋಡಿ ಚಿಕ್ಕಮ್ಮ, "ನಮ್ಮ ಕಡೆದೇ" ಅಂದರು. ಅದೇ ಲಡಿ ಶಿಡ್ಲಘಟ್ಟದ್ದು ಅಂತ ಪ್ರಮಾಣ ಮಾಡೋಕಾಗಲ್ಲ, ಆದರೆ ಕಂಚಿಗೆ ಕರ್ನಾಟಕದ ರೇಷ್ಮೆ ಬರೋದು ಮೊದಲಿನಿಂದಲೂ ನಡೆದು ಬಂದದ್ದೇ.

ಸಂಘದ ಮಳಿಗೆಯಲ್ಲಿ ಎ.ಸಿ. ಇಲ್ಲ, ಗಾದಿ ಇಲ್ಲ, ಕಾಫಿ ಕೊಡೋರಿಲ್ಲ. ಚೌಕಾಸಿಯೂ ಇಲ್ಲ, ಚೀಟಿ ಮೇಲೆ ಬರೆದದ್ದೇ ರೇಟು. ಕೌಂಟರಿನ ಹಿಂದೆ ಇದ್ದಾಕೆಗೆ ಬಣ್ಣ ಹೇಳಿ, "ಕೊರ್ವೈ, ಜರಿ ಕಡಿಮೆ" ಅಂದೆ. ಆಕೆ ಏಣಿ ಹತ್ತಿ ಮೂರು ಸೀರೆ ತೆಗೆದರು. ಮೊದಲನೆಯದರ ಅರಶಿನ ಪೇಲವ. ಎರಡನೆಯದರ ಅಂಚು ಮೆರೂನ್. ಮೂರನೆಯದನ್ನು ಬಿಡಿಸಿದಾಗ ಅಮ್ಮನೇ ಮೊದಲು ಕೈ ಚಾಚಿದರು.

ಅರಶಿನ ಕೊಂಬು ತೇಯ್ದ ಬಣ್ಣ. ಅಂಚು ಒಂದು ಗೇಣಿಗಿಂತ ತುಸು ಕಡಿಮೆ, ಕಿತ್ತಳೆಯ ಸುಳಿವೂ ಇಲ್ಲದ ಕೆಂಪು. ಗೋಪುರ ಚೂಪಾಗಿ ಎದ್ದು ನಿಂತಿತ್ತು. ಜರಿ ಅಂಚಿನಲ್ಲಿ ಎರಡೇ ಗೆರೆ, ಸೆರಗಿನಲ್ಲಿ ನಾಲ್ಕು ಪಟ್ಟಿ. ತಿರುಗಿಸಿ ಹಿಂಭಾಗ ನೋಡಿದೆ. ಎರಡು ಬಣ್ಣ ಸೇರುವ ಕಡೆ ಕೊಂಡಿಗಳ ಸಣ್ಣ ಏರು ಬೆರಳಿಗೆ ಸಿಕ್ಕಿತು. ಒಂದು ಕಡೆ ಗೋಪುರದ ತುದಿ ಪಕ್ಕದ್ದಕ್ಕಿಂತ ಒಂದೆಳೆ ಗಿಡ್ಡ. ನನಗೆ ಅದೂ ಇಷ್ಟವಾಯಿತು.

"ಧಾರೆಗೆ ಇಷ್ಟು ಬೋಳು ಆಗುತ್ತಾ?" ಅಂದರು ಅಮ್ಮ. ಕೈ ಮಾತ್ರ ಸೀರೆ ಬಿಟ್ಟಿರಲಿಲ್ಲ.

"ಅಕ್ಕಾ, ಅವಳ ಮೈಮೇಲೆ ನಿನ್ನ ಲಾಂಗ್ ಸರ, ಜುಮಕಿ, ಬಳೆ, ಬಾಸಿಂಗ, ಹಾರ ಎಲ್ಲ ಇರುತ್ತಲ್ಲ. ಸೀರೆಯೂ ಮಿನುಗಿದರೆ ಹುಡುಗಿ ಎಲ್ಲಿ ಕಾಣ್ತಾಳೆ?" ಅಂದರು ಚಿಕ್ಕಮ್ಮ. ಅಮ್ಮನಿಗೆ ಲಾಂಗ್ ಸರ ನೆನಪಾಗಿ ಸಮಾಧಾನ ಆಯಿತು.

ಚೀಟಿಯಲ್ಲಿ 21,500. ಆಡಿ ರಿಯಾಯಿತಿ ಶೇ 20 ಕಳೆದು 17,200. ಸಿಲ್ಕ್ ಮಾರ್ಕ್ ಚೀಟಿ, ಬಿಲ್ಲು, ಒಂದು ಸಾದಾ ಪ್ಲಾಸ್ಟಿಕ್ ಕವರ್. ಸಂಜೆ ವರದರಾಜ ಸ್ವಾಮಿ ಗುಡಿಗೆ ಹೋಗಿ ಕಂಚಿ ಇಡ್ಲಿ ತಿಂದೆವು. ಎಲೆ ಹಾಸಿದ ಬಿದಿರು ಬುಟ್ಟಿಯಲ್ಲಿ ಬೇಯಿಸಿ ಹೋಳು ಮಾಡಿಕೊಡುವ ಇಡ್ಲಿ, ಮೆಣಸು, ಜೀರಿಗೆ, ಶುಂಠಿಯ ಖಾರ. ರಾತ್ರಿ ಬಸ್ಸಿನಲ್ಲಿ ಕವರ್ ಅಮ್ಮನ ಮಡಿಲಲ್ಲೇ ಇತ್ತು.

ಭಾನುವಾರ, ಬೆಂಗಳೂರು

ಸೀರೆ 17,200, ನನ್ನ ಪಾಲಿನ ಬಸ್ಸು, ರೈಲು, ಲಾಡ್ಜ್ 1,600. ಉಳಿದದ್ದು 3,200. ಸಾಕು ಅಂದುಕೊಂಡು ಟೈಲರ್ ಹತ್ತಿರ ಹೋದರೆ ಅವರು ಬ್ಲೌಸಿಗೆ ಮಗ್ಗಂ ವರ್ಕ್ ಅನ್ನೋ ಕಸೂತಿಯ ಆಲ್ಬಂ ತೆಗೆದರು. ಬೆನ್ನಿಗೆ ನವಿಲು, ತೋಳಿಗೆ ಪಲ್ಲಕ್ಕಿ. ಶುರುವಾಗೋದೇ 4,500ರಿಂದ. ಈಗಿನ ಮದುವೆಗಳಲ್ಲಿ ಬಜೆಟ್ ಸೋರೋದು ಸೀರೆಯಲ್ಲಲ್ಲ, ಬ್ಲೌಸಿನಲ್ಲಿ. ಅಮ್ಮನ ಕಣ್ಣು ಪಲ್ಲಕ್ಕಿ ಮೇಲೆ ಬಿದ್ದದ್ದು ನೋಡಿ ಆಲ್ಬಂ ಮುಚ್ಚಿದೆ. ಸೀರೆಯ ಕೆಂಪು ಅಂಚನ್ನೇ ತೋಳಿಗೆ ಇಟ್ಟು ಸಾದಾ ಬ್ಲೌಸ್, ಲೈನಿಂಗ್ ಸೇರಿ 900. ಕುಚ್ಚು 600, ಫಾಲ್ ಮತ್ತು ಜಿಗ್‌ಜಾಗ್ 150.

ಎಲ್ಲ ಸರಿಹೋಯಿತು ಅನ್ನುವಾಗ ಅಜ್ಜಿಯ ಫೋನ್. ಆಷಾಢದಲ್ಲಿ ತಂದದ್ದಂತೂ ತಂದಿರಿ, ಧಾರೆ ಸೀರೆಗೆ ಆಷಾಢದಲ್ಲಿ ಕತ್ತರಿ ಹಾಕಿಸಿದರೆ ಮದುವೆಗೇ ಬರೋದಿಲ್ಲ ಅಂದರು. ಬ್ಲೌಸ್ ಪೀಸ್ ಇರೋದು ಸೀರೆಯ ತುದಿಯಲ್ಲೇ, ಕತ್ತರಿಸದೆ ಹೊಲಿಯೋದು ಹೇಗೆ? ಟೈಲರ್ ತಮ್ಮ ಕಷ್ಟ ಹೇಳಿದರು: "ಶ್ರಾವಣ ಬಂದರೆ ವರಮಹಾಲಕ್ಷ್ಮಿ ಆರ್ಡರ್ ಮೇಡಂ, ಆಮೇಲೆ ನನ್ನನ್ನ ಕೇಳಬೇಡಿ." ಅಮ್ಮ ಫೋನನ್ನು ಅವರ ಕೈಗೇ ಕೊಟ್ಟರು. ಐದು ನಿಮಿಷ "ಹೌದಮ್ಮ, ಸರಿಯಮ್ಮ" ಆದ ಮೇಲೆ ಒಪ್ಪಂದ ಆಯಿತು. ಅಳತೆ ಬ್ಲೌಸ್ ಮತ್ತು 500 ರೂಪಾಯಿ ಅಡ್ವಾನ್ಸ್ ಈಗ. ಸೀರೆ ಭೀಮನ ಅಮಾವಾಸ್ಯೆಯ ಮಾರನೇ ದಿನ ಬೆಳಗ್ಗೆ, ಅಂಗಡಿ ಬಾಗಿಲು ತೆಗೆಯುವ ಹೊತ್ತಿಗೆ. ಪುಸ್ತಕದಲ್ಲಿ ನನ್ನ ಹೆಸರಿನ ಮುಂದೆ ಅವರು "ಅಜ್ಜಿ" ಅಂತ ಬರೆದು ಅಡಿಗೆರೆ ಎಳೆದುಕೊಂಡರು.